ಸೀಮೆಗಲ್ಲಿನ ಬುಟ್ಟಿ

ಊರಿಗೆ ಸಿಡುಬೋ, ಕಾಲರಾವೋ, ಬೇನೆ ಬಂತೆಂದರೆ ನಮ್ಮ ಮನೆಗೆ ಒಂದು ಹೊಸ ಬಿದಿರಿನ ಬುಟ್ಟಿ ಬರುತ್ತಿತ್ತು. ದೊಡ್ಡ ಮನೆಗಳವರು ಅದಕ್ಕೆ ಹಸಿರು ಬಳೆ, ಅರಿಶಿನ, ಕುಂಕುಮ, ಒಂದು ಕುಪ್ಪಸದ ಕಣ ಕೊಡುತ್ತಿದ್ದರು. ಬೇವಿನ ಸೊಪ್ಪು ನಾವೇ ತರುತ್ತಿದ್ದೆವು. ಒಂದು ಕುಡಿಕೆಯಲ್ಲಿ ಮೊಸರನ್ನ. ಬೇನೆಯನ್ನು ನಮ್ಮ ಹಿರಿಯರು ಬೈದದ್ದನ್ನು ನಾನು ಕೇಳಿಲ್ಲ. ಅಮ್ಮ ಬಂದಿದ್ದಾಳೆ, ಇದ್ದಷ್ಟು ದಿನ ಇದ್ದಾಳೆ, ಇನ್ನು ಮಗಳನ್ನು ಗಂಡನ ಮನೆಗೆ ಕಳಿಸಿದ ಹಾಗೆ ಉಡಿ ತುಂಬಿ ಕಳಿಸಬೇಕು ಎನ್ನುತ್ತಿದ್ದರು. ನಸುಕಿನಲ್ಲಿ ಬುಟ್ಟಿಯನ್ನು ಊರಿನ ಗಡಿಯ ಸೀಮೆಗಲ್ಲಿನ ತನಕ ಹೊತ್ತು, ಕಲ್ಲಿನ ಆಚೆ ಮಗ್ಗುಲಿಗೆ ಇಳಿಸಿ, ತಿರುಗಿ ನೋಡದೆ ಬರಬೇಕು. ಹೊರುವ ಕೆಲಸ ಊರಿನ ಹೊರಗಿದ್ದ ನಮ್ಮ ಕೇರಿಯದು, ಕೇರಿಯಲ್ಲಿ ನಮ್ಮ ಮನೆಯದು. ಅಜ್ಜಿಗೆ ವಯಸ್ಸಾದ ಮೇಲೆ ಅದು ನಮ್ಮ ಅಪ್ಪನ ಅಣ್ಣನ ಹೆಂಡತಿಗೆ, ನಮ್ಮ ದೊಡ್ಡವ್ವನಿಗೆ, ಬಂತು. ದೊಡ್ಡವ್ವ ಮಕ್ಕಳಿಲ್ಲದ ವಿಧವೆ. ನನಗೆ ಮಾತು ಕಲಿಸಿದವರು ಈ ಇಬ್ಬರೇ.

ಕಲ್ಲಿನ ಆಚೆ ಏನಾಗುತ್ತದೆ ಎಂದು ಸಣ್ಣವನಿದ್ದಾಗ ಅಜ್ಜಿಯನ್ನು ಕೇಳಿದ್ದೆ.

"ಆಕಡಿ ಅವರ ಊರು."

"ಹಂಗಾದ್ರ ಅವರಿಗೆ ಬ್ಯಾನಿ ಹತ್ತಂಗಿಲ್ಲೇನು?"

"ಅವರೂ ಉಡಿ ತುಂಬಿ ಮುಂದ ಕಳಸ್ತಾರಪಾ."

"ಅವರ ಮುಂದಿನವ್ರು?"

"ಅವರೂ ಕಳಸ್ತಾರ. ಏನ್ ಕೇಳ್ತೀಯೋ ಮಾರಾಯ, ಬಾಯಾಗ ರೊಟ್ಟಿ ತುರುಕ್ಲೇನು?"

ಅಲ್ಲಿಗೆ ಆ ವಿಚಾರ ಮುಗಿಯಿತು. ಮುಗಿಯಿತು ಎಂದುಕೊಂಡಿದ್ದೆ.

ನಾನು ಮೆಟ್ರಿಕ್ ಮುಗಿಸುವ ಹೊತ್ತಿಗೆ ದೇಶದ ಗಡಿಯಲ್ಲಿ ಯುದ್ಧ ನಡೆದಿತ್ತು. ಯುದ್ಧ ನಮ್ಮಿಂದ ಬಹಳ ದೂರ, ಆದರೆ ಗಾಳಿಮಾತಿಗೆ ದೂರವೆಂಬುದಿಲ್ಲ. ವೈರಿಗಳ ವಿಮಾನ ಬಂದು ಬಾವಿಗಳಿಗೆ ರೋಗದ ಬಿಳಿ ಪುಡಿ ಎಸೆಯುತ್ತದೆ ಎಂದು ರಾಯಚೂರಿನಿಂದ ಬಸ್ಸಿನಲ್ಲಿ ಬಂದವರು ಯಾರೋ ಹೇಳಿದರು. ಊರಿನ ಬಾವಿಗೆ ಬಡಿಗೆ ಹಿಡಿದು ಕಾವಲು ಕುಳಿತರು. ಆಕಾಶದಿಂದ ಏನೂ ಬೀಳಲಿಲ್ಲ. ಸಿಕ್ಕಿಬಿದ್ದವನು ರಂಗೋಲಿ ಪುಡಿ ಮಾರುವ ಒಬ್ಬ ಬಡಪಾಯಿ. ಬಾವಿಕಟ್ಟೆಯ ಮೇಲೆ ಚೀಲ ಇಳಿಸಿ ನೀರು ಕೇಳಿದ್ದೇ ಅವನ ತಪ್ಪು. "ರಂಗೋಲಿರಪೋ, ರಂಗೋಲಿ!" ಎಂದು ಕೈ ಮುಗಿದರೂ ಯಾರೂ ಕೇಳಲಿಲ್ಲ. ಕೊನೆಗೆ ಒಬ್ಬ ಅಜ್ಜ, "ರಂಗೋಲಿ ಇದ್ರ ಹಾಕಿ ತೋರಸಲೇ" ಎಂದ. ಆ ಗಂಡಸು ಕಟ್ಟೆಯ ಮೇಲೆ ಕುಕ್ಕರಗಾಲಲ್ಲಿ ಕುಳಿತು, ಒಂದು ಕಮಲ ಬಿಡಿಸಿದ. ಹೆಂಗಸರು ನಕ್ಕರು, ಗಂಡಸರು ಬಡಿಗೆ ಇಳಿಸಿದರು. ಅವನು ಮಾತ್ರ ನೀರು ಕುಡಿಯದೇ ಹೋದ. ಆಮೇಲೆ ನಮ್ಮೂರಿಗೆ ಅವನು ಬರಲೇ ಇಲ್ಲ.

ಒಂದೆರಡು ವರ್ಷಕ್ಕೆ ನನಗೆ ಆರೋಗ್ಯ ಇಲಾಖೆಯಲ್ಲಿ ಕೆಲಸ ಸಿಕ್ಕಿತು. ಸಿಡುಬಿನ ಲಸಿಕೆ ಹಾಕುವ ಕೆಲಸ. ನಮ್ಮ ಕಡೆ ಅದಕ್ಕೆ ದೇವಿ ಹಾಕುವುದು ಎನ್ನುತ್ತಾರೆ. ಹೀಗಾಗಿ ಮೆಟ್ರಿಕ್ ಓದಿದ ನಾನು ಎಲ್ಲರ ಬಾಯಲ್ಲಿ 'ದೇವಿ ಡಾಕ್ಟ್ರು' ಆದೆ. ತರಬೇತಿ ರಾಯಚೂರಿನಲ್ಲಿ. ಪಾಠ ಹೇಳಿದವರು ನಿವೃತ್ತಿಗೆ ಬಂದ ಒಬ್ಬ ಡಾಕ್ಟರು. ಮಧ್ಯಾಹ್ನದ ಬಿಸಿಲಿಗೆ ನಮಗೆ ತೂಕಡಿಕೆ ಬಂದಾಗ ಅವರು ಪಾಠ ಬಿಟ್ಟು ಕಥೆಗೆ ಇಳಿಯುತ್ತಿದ್ದರು. ಹಿಂದಿನ ಕಾಲದಲ್ಲಿ ಕೋಟೆಗೆ ಮುತ್ತಿಗೆ ಹಾಕಿದವರು ಬಾವಿಗೆ ಸತ್ತ ದನ ಎಸೆಯುತ್ತಿದ್ದರಂತೆ. ಬೇನೆಯಿಂದ ಸತ್ತವರ ಹೆಣಗಳನ್ನು ಗೋಡೆಯಾಚೆ ತೂರುತ್ತಿದ್ದರಂತೆ. ಸಿಡುಬಿನವರು ಹೊದ್ದ ಕಂಬಳಿಯನ್ನು ಕಾಣಿಕೆಯೆಂದು ಕೊಟ್ಟ ಅಧಿಕಾರಿಗಳೂ ಇದ್ದರಂತೆ. ಕಿಟಕಿಯಿಂದ ರಾಯಚೂರಿನ ಕೋಟೆಗೋಡೆ ಕಾಣುತ್ತಿತ್ತು. ನಮ್ಮಲ್ಲೊಬ್ಬ ಎದ್ದು, "ನಮ್ಮ ಕೋಟಿಗೂ ಹಂಗ ಮಾಡಿದ್ರೇನ್ರಿ ಸಾರ್?" ಎಂದ.

"ಮಾಡಿದ್ರ ಹೇಳಾಕ ಯಾರು ಉಳೀತಿದ್ರು? ಕೂಡು" ಎಂದರು ಅವರು.

ಎಲ್ಲರೂ ನಕ್ಕೆವು. ನನಗೆ ಮಾತ್ರ ಕಣ್ಣ ಮುಂದೆ ಬುಟ್ಟಿ ಬಂದು ನಿಂತಿತು. ಕಂಬಳಿ ಕೊಟ್ಟವನಿಗೂ ನಮ್ಮ ಅಜ್ಜಿಗೂ ಏನು ವ್ಯತ್ಯಾಸ? ಅಜ್ಜಿಗೆ ಯಾರ ಕೇಡೂ ಬೇಕಿರಲಿಲ್ಲ. ಆದರೆ ಕಲ್ಲಿನ ಆಚೆಯವರಿಗೆ ಅದು ಹೇಗೆ ಗೊತ್ತಾಗಬೇಕು?

ದೇವದುರ್ಗದ ಕಡೆ ಹಳ್ಳಿ ಹಳ್ಳಿ ತಿರುಗಿದೆ. ಗಬ್ಬೂರಿನ ಬಸ್ಸಿಳಿದು ಸೈಕಲ್ ಬಾಡಿಗೆಗೆ ಹಿಡಿದು ಹೋದರೆ ಸಂಜೆಗೆ ಕಾಲು ಮರಗಟ್ಟುತ್ತಿದ್ದವು. ಆ ಕೆಲಸದಲ್ಲಿ ಒಂದು ಸುಖವಿತ್ತು, ಅದು ಮುಗಿಯುವ ಕೆಲಸವಾಗಿತ್ತು. ಮುಗಿಯಿತು ಕೂಡ. ಸಿಡುಬು ದೇಶ ಬಿಟ್ಟು ಹೋಯಿತು, ಆಮೇಲೆ ಭೂಮಿಯನ್ನೇ ಬಿಟ್ಟು ಹೋಯಿತು ಎಂದರು. ಆಗ ನಮ್ಮ ಆರೋಗ್ಯ ಕೇಂದ್ರದ ಡಾಕ್ಟರು ಒಂದು ಮಾತು ಹೇಳಿದರು.

"ಹೋಗ್ಯಾದ, ಆದ್ರ ಬೀಜ ಇಟ್ಟಾರ. ಎರಡು ಪರದೇಶದಾಗ, ಫ್ರಿಜ್ಜಿನಾಗ."

"ಯಾಕ್ರಿ ಸಾರ್?"

"ಅವರ ಮ್ಯಾಲೆ ಇವರಿಗೆ ನಂಬಿಕಿಲ್ಲ, ಇವರ ಮ್ಯಾಲೆ ಅವರಿಗಿಲ್ಲ. ಇನ್ನ ಅದು ಬಂದ್ರ ತಾನಾಗಿ ಬರಂಗಿಲ್ಲ. ಯಾರರ ಬೇಕಂತ ತಂದ್ರ ಬರ್ತದ."

ಇದನ್ನು ಊರಿಗೆ ಹೋದಾಗ ದೊಡ್ಡವ್ವನಿಗೆ ಹೇಳಿದೆ. ಅವಳು ರೊಟ್ಟಿ ಬಡಿಯುತ್ತಿದ್ದವಳು ಕೈ ನಿಲ್ಲಿಸಿ, "ಅಂದ್ರ ಅಮ್ಮನ್ನ ಕಪಾಟಿನಾಗ ಕೂಡಿ ಹಾಕ್ಯಾರ. ಪಾಪ, ಥಂಡಿ ಹತ್ತತದ ಆಕಿಗೆ" ಎಂದಳು.

ಅದಾದ ಮೇಲೆ ನಮ್ಮ ಕೆಲಸ ಕೆಟ್ಟಿತು ಎನ್ನಬೇಕು. ನಡುವೆ ಸಂತಾನಹರಣದ ಆಪರೇಷನ್ ಕ್ಯಾಂಪುಗಳ ಕಾಲವೊಂದು ಬಂದು ಹೋಗಿತ್ತು. ಜೀಪಿನ ಧೂಳು ಕಂಡರೆ ಗಂಡಸರು ಜೋಳದ ಹೊಲ ಹೊಕ್ಕು ಕೂಡುತ್ತಿದ್ದರು. ಆ ಹೆದರಿಕೆ ಹೋಗಲಿಲ್ಲ. ಕಾಲರಾದ ಸೂಜಿ ಹಿಡಿದು ಹೋದರೂ, "ಇದು ಯಾವುದರ ಸೂಜಿ, ಖರೇ ಹೇಳ್ರಿ" ಎನ್ನುವರು. ಬಾವಿಗೆ ಬ್ಲೀಚಿಂಗ್ ಪುಡಿ ಹಾಕಲು ಹೋದರೆ ಹೆಂಗಸರು ಕೊಡ ಅಡ್ಡ ಇಡುವರು. ಮೇಲಿನಿಂದ ಬರುತ್ತಿದ್ದ ಹುಕುಂಗಳು ಇನ್ನೊಂದು ಬಗೆ. ಕಾಲರಾ ಎಂದು ಬರೆಯಬೇಡಿ, ವಾಂತಿಭೇದಿ ಎಂದು ಬರೆಯಿರಿ. ಕಾಲರಾ ಎಂದರೆ ಸಂತೆ ನಿಲ್ಲಿಸಬೇಕು, ಪತ್ರಿಕೆಯವರು ಬರುತ್ತಾರೆ, ಪ್ರಶ್ನೆ ಏಳುತ್ತದೆ. ಜನ ನಮ್ಮನ್ನು ನಂಬುತ್ತಿರಲಿಲ್ಲ, ಮೇಲಿನವರು ಜನರನ್ನು ನಂಬುತ್ತಿರಲಿಲ್ಲ. ಇಬ್ಬರ ನಡುವೆ ನಾನು ಪುಡಿಯ ಡಬ್ಬಿ ಸೈಕಲ್ಲಿಗೆ ಕಟ್ಟಿಕೊಂಡು ಓಡಾಡುತ್ತಿದ್ದೆ. ಬಟ್ಟೆ ಒಗೆದರೂ ಆ ವಾಸನೆ ಹೋಗುತ್ತಿರಲಿಲ್ಲ.

ಎಂಬತ್ತರ ದಶಕದ ಆರಂಭಕ್ಕೆ ನನಗೆ ಮಾನ್ವಿಗೆ ವರ್ಗವಾಗಿತ್ತು. ಮನೆ ರಾಯಚೂರಿನಲ್ಲಿ, ಕೆಲಸ ಮಾನ್ವಿಯ ಸುತ್ತ. ನಮ್ಮೂರು ಇರುವುದೂ ಅದೇ ಕಡೆ. ಮೊದಲ ಮಳೆ ಬಿದ್ದು ಕಾಲುವೆಗೆ ನೀರು ಬಿಟ್ಟ ಹೊಸತು. ನಮ್ಮೂರಲ್ಲಿ ವಾಂತಿಭೇದಿ ಶುರುವಾಯಿತು ಎಂಬ ಖಬರ್ ಬಂತು. ಸೂಜಿ, ಪುಡಿ ಎರಡೂ ತೆಗೆದುಕೊಂಡು ನಾನು ಅಲ್ಲಿಗೆ ಮುಟ್ಟುವ ಮೊದಲೇ ಊರವರು ದೊಡ್ಡವ್ವನ ತಲೆಯ ಮೇಲೆ ಬುಟ್ಟಿ ಹೊರಿಸಿ ಕಳಿಸಿಯಾಗಿತ್ತು.

ಆದರೆ ಈ ಸಲ ಸೀಮೆಗಲ್ಲು ಇರಲಿಲ್ಲ. ಕಾಲುವೆ ನೀರು ಬಂದ ಮೇಲೆ ಜೋಳದ ಹೊಲಗಳೆಲ್ಲ ಭತ್ತದ ಗದ್ದೆಗಳಾಗಿದ್ದವು. ನೆಲ ಮಟ್ಟ ಮಾಡುವಾಗ ಯಾರೋ ಕಲ್ಲನ್ನು ಕಿತ್ತು ಒಡ್ಡಿಗೆ ಹಾಕಿದ್ದರು. ಬುಟ್ಟಿಯನ್ನು ಕಲ್ಲಿನ ಹೊರತು ಬೇರೆಲ್ಲೂ ಇಳಿಸುವ ಹಾಗಿಲ್ಲ. ಅರೆಬೆಳಕಿನಲ್ಲಿ ದೊಡ್ಡವ್ವ ಕಲ್ಲು ಹುಡುಕುತ್ತ ನಡೆದಳು, ನಡೆದಳು. ಕೊನೆಗೆ ನೆಟ್ಟಗೆ ನಿಂತ ಒಂದು ಕಲ್ಲು ಕಂಡಿತು. ಅದರ ಆಚೆ ಬುಟ್ಟಿ ಇಳಿಸಿ, ನಿಯಮದ ಪ್ರಕಾರ ತಿರುಗಿ ನೋಡದೆ ಬಂದುಬಿಟ್ಟಳು. ತಿರುಗಿ ನೋಡಿದ್ದರೆ ಗೊತ್ತಾಗುತ್ತಿತ್ತು. ಅದು ಕಾಲುವೆಯ ಕೆಳಗಿನ ಊರಿನವರು ದನಗಳು ಮೈ ಉಜ್ಜಿಕೊಳ್ಳಲಿ ಎಂದು ನೆಟ್ಟ ಕಲ್ಲು. ಅದರ ಆಚೆ ಇದ್ದದ್ದು ಅವರು ಕುಡಿಯುವ ನೀರಿನ ಹೊಂಡ.

ಕೆಲವೇ ದಿನಗಳಲ್ಲಿ ಕೆಳಗಿನ ಊರಿನಲ್ಲೂ ಬೇನೆ ಎದ್ದಿತು. ಮದುವೆಯಾಗಿ ಬಂದು ವರ್ಷವೂ ತುಂಬದ ಒಬ್ಬ ಸೊಸೆ ತೀರಿಕೊಂಡಳು. ಹೊಂಡದ ದಂಡೆಯಲ್ಲಿ ಬುಟ್ಟಿ ಇದ್ದದ್ದು ಎಲ್ಲರ ಕಣ್ಣಿಗೆ ಬಿದ್ದಿತ್ತು. ಗಡಿಯಲ್ಲಿಟ್ಟಿದ್ದರೆ ಅವರೂ ಉಡಿ ತುಂಬಿ ಮುಂದೆ ಕಳಿಸುತ್ತಿದ್ದರು. ಹೊಂಡದ ಬಾಯಿಗೆ ಇಟ್ಟದ್ದು ಬೇಕಂತಲೇ ಎಂದು ತೀರ್ಮಾನವಾಯಿತು. ಕೆಳಗಿನ ಊರವರು ನಮ್ಮೂರಿಗೆ ಬಂದು, ಇಟ್ಟವಳೇ ಬಂದು ಒಯ್ಯಲಿ ಎಂದು ಪಟ್ಟು ಹಿಡಿದರು. ದೊಡ್ಡವ್ವ ಹೋದಳು, ಬುಟ್ಟಿ ಎತ್ತಿ ತಲೆಯ ಮೇಲಿಟ್ಟುಕೊಂಡು ಹೊರಟಳು. ಕಾಲುವೆಯ ಸೇತುವೆಗೆ ಬರುವಷ್ಟರಲ್ಲಿ ನಮ್ಮೂರ ಹಿರಿಯರು ಆ ಕಡೆ ಅಡ್ಡ ನಿಂತಿದ್ದರು. ಕಳಿಸಿದ ಅಮ್ಮನನ್ನು ತಿರುಗಿ ಊರೊಳಗೆ ತರುವುದುಂಟೇ?

ನಾನು ಸೈಕಲ್ ಇಳಿದಾಗ ಕಂಡದ್ದು ಇದು. ಸೇತುವೆಯ ಆ ತುದಿಯಲ್ಲಿ ನಮ್ಮೂರು, ಈ ತುದಿಯಲ್ಲಿ ಕೆಳಗಿನ ಊರು, ನಡುವೆ ಉರಿಬಿಸಿಲಿನಲ್ಲಿ ಕಟ್ಟೆಗೆ ಒರಗಿ ಕುಳಿತ ದೊಡ್ಡವ್ವ, ಅವಳ ಮಡಿಲಲ್ಲಿ ಬುಟ್ಟಿ. ಬೇವು ಒಣಗಿತ್ತು. ಬಳೆಗಳು ಮಾತ್ರ ಹೊಳೆಯುತ್ತಿದ್ದವು.

"ಬಂದೇನಪಾ? ನೀರು ಅದ ಏನು?" ಎಂದಳು.

ನನ್ನ ಬಾಟಲಿಯಲ್ಲಿದ್ದ ಕಾಸಿ ಆರಿಸಿದ ನೀರು ಕೊಟ್ಟೆ. ಕುಡಿಯುವುದನ್ನು ಎರಡೂ ಊರು ನೋಡಿದವು.

ಕೆಳಗಿನ ಊರಿನ ಒಬ್ಬ ಮುಂದೆ ಬಂದ. ಕೈಯಲ್ಲಿ ಬಡಿಗೆ. "ನೀನೂ ಅದೇ ಕೇರಿಯಾಂವ ಅಲ್ಲ? ಮುದುಕಿ ಹಾಕಿದ್ದು ಸಾಲಲಿಲ್ಲಂತ ನೀ ಬಿಳಿ ಪುಡಿ ತಂದೀಯೇನು?"

"ಇದು ನೀರು ಸುದ್ದ ಮಾಡೋ ಪುಡಿರಿ."

"ಎಲ್ಲಾರೂ ಹಂಗ ಹೇಳ್ತೀರಿ. ಆಪರೇಷನ್ನಿನಾಗೂ ಹಂಗ ಹೇಳಿದ್ರಿ."

ರಂಗೋಲಿ ಮಾರುವವನು ನೆನಪಾದ. ನಾನು ಬಿಡಿಸಿ ತೋರಿಸಲು ನನ್ನ ಪುಡಿಯಿಂದ ಕಮಲವೂ ಅರಳುವುದಿಲ್ಲ.

ಬೇನೆ ಹೇಗೆ ಬಂತೆಂಬುದು ನನಗೆ ಗೊತ್ತಿತ್ತು. ಕಾಲುವೆ ನಮ್ಮೂರ ಮಗ್ಗುಲಿಂದ ಹರಿದು ಅವರ ಹೊಂಡ ತುಂಬುತ್ತದೆ. ನಮ್ಮೂರ ದೊಡ್ಡ ಮನೆಗಳ ರೋಗಿಗಳ ಹಾಸಿಗೆ, ಬಟ್ಟೆ ಎಲ್ಲ ಅದೇ ಕಾಲುವೆಯಲ್ಲಿ ಒಗೆದದ್ದನ್ನು ನಾನೇ ನೋಡಿ, ಬೇಡವೆಂದು ಕೈಮುಗಿದಿದ್ದೆ. ಅದನ್ನು ಬಾಯಿಬಿಟ್ಟು ಹೇಳಿದರೆ ದೊಡ್ಡವ್ವ ಉಳಿಯುತ್ತಾಳೆ. ಆದರೆ ಮೊದಲೇ ಕಾಲುವೆಯ ಸರದಿಗೆ ಬಡಿದಾಡಿದ ಊರುಗಳು. ಏನು ಹೇಳಲಿ ಎಂದು ಹಿಂದಿನ ದಿನ ಮಾನ್ವಿಯ ಡಾಕ್ಟರನ್ನು ಕೇಳಿದ್ದೆ. ಅವರು ಕನ್ನಡಕ ತೆಗೆದು ಕಣ್ಣುಜ್ಜಿಕೊಳ್ಳುತ್ತ, "ಖರೇ ಹೇಳು, ಆದ್ರ ಯಾರ ಹೆಸರೂ ಹೇಳಬ್ಯಾಡ. ಬ್ಯಾನಿಗೆ ಸತ್ತವರ ಲೆಕ್ಕ ನನಗ ಸಾಕಾಗ್ಯಾದ, ಬಡಿಗಿಗೆ ಸತ್ತವರದು ಬ್ಯಾರೆ ಬ್ಯಾಡ" ಎಂದಿದ್ದರು.

"ಬ್ಯಾನಿ ನೀರಿನಾಗ ಅದರಿ. ಬುಟ್ಯಾಗಿಲ್ಲ. ಕಾಲುವಿ ನೀರು, ಹೊಂಡದ ನೀರು, ಯಾವುದನ್ನೂ ಕಾಸದ ಕುಡೀಬ್ಯಾಡ್ರಿ. ಎರಡೂ ಊರಿಗೆ ಹೇಳಾಕತ್ತೀನಿ" ಎಂದೆ.

"ನೀರಿನಾಗ ಯಾರು ಹಾಕಿದ್ರು ಅದನ್ನ ಹೇಳು" ಎಂದ ಬಡಿಗೆಯವನು.

ನೋಡಿ, ಪ್ರಶ್ನೆ ಯಾವಾಗಲೂ ಇದೇ. ಹೇಗೆ ಬಂತು ಎಂದು ಯಾರೂ ಕೇಳುವುದಿಲ್ಲ, ಯಾರು ತಂದರು ಎಂದು ಕೇಳುತ್ತಾರೆ. ಈಗ ರೋಗವನ್ನೇ ಆಯುಧ ಮಾಡುವವರ ಸುದ್ದಿ ಪತ್ರಿಕೆಯಲ್ಲಿ ಓದುತ್ತೇನೆ. ಜೈವಿಕ ಭಯೋತ್ಪಾದನೆ ಎಂದು ದೊಡ್ಡ ಹೆಸರು. ಸರಕಾರಗಳು ಅದಕ್ಕೆ ಏನೇನೋ ಬಂದೋಬಸ್ತು ಮಾಡುತ್ತವಂತೆ, ಮಾಡಲಿ. ಆ ಬಡಿಗೆಯವನಿಗೆ ಒಂದು ಉತ್ತರ ಯಾರಾದರೂ ಬರೆದಿಟ್ಟಿದ್ದಾರೆಯೇ ಎಂದು ನಾನು ಹುಡುಕುತ್ತೇನೆ. ಸಿಕ್ಕಿಲ್ಲ.

ಅಂದು ಉತ್ತರ ಕೊಟ್ಟವಳು ದೊಡ್ಡವ್ವ. ಮಂಡಿಯ ಮೇಲೆ ಕೈಯೂರಿ ಎದ್ದಳು.

"ಏ ಯಪ್ಪಾ, ನಾ ಕಲ್ಲು ನೋಡಿ ಇಟ್ಟೀನಿ. ನಿಮ್ಮ ದನದ ಕಲ್ಲಿಗೆ ನನ್ನ ಸೀಮಿಗಲ್ಲಿನ ಹಂಗ ಯಾಕ ನಿಲ್ಲಸಿದ್ರಿ? ಇರ್ಲಿ. ಈ ಬುಟ್ಟಿ ನಿಮಗ ಬ್ಯಾಡ, ನಮ್ಮೂರಿಗೂ ಬ್ಯಾಡ. ನಮ್ಮ ಹುಡುಗ ಒಯ್ತಾನ. ಅಂವ ದೇವಿ ಡಾಕ್ಟ್ರು. ಸಿಡುಬಿನ ಅಮ್ಮನ್ನ ದೇಶಾನ ಬಿಡಿಸಿ ಕಳಸ್ಯಾರ ಇವರೆಲ್ಲ ಕೂಡಿ."

ಕೆಳಗಿನ ಊರಿನ ಒಬ್ಬ ಮುದುಕ ಬಿಸಿಲಿಗೆ ಕೈ ಅಡ್ಡ ಹಿಡಿದು ನನ್ನನ್ನು ನೋಡಿದ. "ಎಲ್ಲಿಗೆ ಕಳಸೀರಿ?"

"ಪರದೇಶದಾಗ ಫ್ರಿಜ್ಜಿನಾಗ ಇಟ್ಟಾರ" ಎಂದಳು ದೊಡ್ಡವ್ವ, ತಾನೇ ಕೈಯಾರೆ ಇಟ್ಟು ಬಂದವಳಂತೆ.

ಮುದುಕ ಬುಟ್ಟಿಯ ಕಡೆ ಬೆರಳು ಮಾಡಿದ. "ಹಂಗಾದ್ರ ಈಕಿನ್ನೂ ಅಲ್ಲೇ ಇಡ್ರಿ. ಜೋಡಿ ಆಗ್ತದ."

ಯಾರೋ ನಕ್ಕರು. ಬಡಿಗೆಯ ಕೈ ಸಡಿಲಾಯಿತು. ಆ ಸಂದಿಯಲ್ಲಿ ನಾನು, "ಒಯ್ತೀನಿ. ಆದ್ರ ಎರಡೂ ಊರು ಸೂಜಿ ಹಾಕಿಸ್ಕೋಬೇಕು, ಹೊಂಡಕ್ಕ ಪುಡಿ ಹಾಕಾಕ ಬಿಡಬೇಕು" ಎಂದೆ. ಒಪ್ಪಿದರು. ಸೂಜಿಗೆ ಮೊದಲು ತೋಳು ಒಡ್ಡಿದವನು ಆ ಮುದುಕನೇ. ಬಡಿಗೆಯವನ ಸರದಿ ಬಂದಾಗ ಅವನು ಕಣ್ಣು ಮುಚ್ಚಿಕೊಂಡಿದ್ದ. ತೀರಿಕೊಂಡ ಸೊಸೆ ಅವನ ಮನೆಯವಳೆಂದು ಆಮೇಲೆ ತಿಳಿಯಿತು.

ದೊಡ್ಡವ್ವನನ್ನು ನಮ್ಮೂರು ಒಳಗೆ ಬಿಡಲಿಲ್ಲ. ತಿರುಗಿ ತಂದ ಬುಟ್ಟಿ ಮುಟ್ಟಿದ್ದಾಳೆ, ಸದ್ಯಕ್ಕೆ ಬೇಡ ಎಂದರು. ಅವಳ ಮನೆ ಸೇತುವೆಯಿಂದ ಕಾಣುತ್ತಿತ್ತು. ಅವಳು ಆ ಕಡೆ ನೋಡಿ, "ಕೋಳಿ ಮುಚ್ಚಿ ಬಂದಿಲ್ಲ" ಎಂದಳು. ಅಷ್ಟೇ.

ಹೀಗೆ ಅಮ್ಮ, ದೊಡ್ಡವ್ವ, ನಾನು ಮೂವರೂ ಮಾನ್ವಿಗೆ ಬಂದೆವು. ಡಾಕ್ಟರು ಬುಟ್ಟಿ ನೋಡಿ, "ಇದನ್ನ ನಾ ಯಾವ ಕಾಲಂನಾಗ ಬರೀಲೋ ಮಾರಾಯ" ಎಂದರು. ನಗಲಿಲ್ಲ. ರಾಯಚೂರಿನ ಬಸ್ಸಿನಲ್ಲಿ ಕಂಡಕ್ಟರು ಬುಟ್ಟಿಯ ಮೇಲಿನ ಟವೆಲ್ ಎತ್ತಿ ನೋಡಿ ಹಿಂದೆ ಜಿಗಿದ.

"ಇಳಸ್ರಿ ಇದನ್ನ!"

"ಎಲ್ಲಿ ಇಳಸ್ಲಿ?"

"ಮುಂದ ನೀರಮಾನ್ವಿ ಬರ್ತದ, ಯಲ್ಲಮ್ಮನ ಗುಡಿ ಮುಂದ ಇಡ್ರಿ."

ಹಿಂದಿನ ಸೀಟಿನಿಂದ ಒಬ್ಬಳು ಎದ್ದು ನಿಂತಳು. "ನಮ್ಮೂರಾಗ ಯಾಕ್ರೀ? ನಮ್ಮ ಯಲ್ಲಮ್ಮಗ ಮಾಡಾಕ ಬ್ಯಾರೆ ಕೆಲಸ ಇಲ್ಲೇನು? ಕಲ್ಮಲಾದಾಗ ಇಳಸ್ರಿ."

ಕಲ್ಮಲದವರು ಎಲ್ಲೋ ಮುಂದೆ ಕುಳಿತಿದ್ದರು, ಅವರೂ ಎದ್ದರು. ಬಸ್ಸಿನ ತುಂಬ ಸೀಮೆಗಲ್ಲುಗಳು ಎದ್ದು ನಿಂತ ಹಾಗಾಯಿತು. ದಾರಿಯುದ್ದಕ್ಕೂ ಯಾರದೂ ಅಲ್ಲದ ಒಂದು ಮೊಳ ಜಾಗ ಇರಲಿಲ್ಲ. ದೊಡ್ಡವ್ವ ಬುಟ್ಟಿಯನ್ನು ಸೆರಗಿನೊಳಗೆ ಎಳೆದುಕೊಂಡು, ಕಿಟಕಿಗೆ ತಲೆಯಿಟ್ಟು ಕಣ್ಣು ಮುಚ್ಚಿದಳು. ಕೂಸನ್ನು ಮಲಗಿಸಿಕೊಂಡವಳ ಹಾಗೆ.

ಮನೆಯಲ್ಲಿ ನನ್ನ ಹೆಂಡತಿ ಬಾಗಿಲಲ್ಲೇ ತಡೆದಳು. "ಅತ್ತಿ, ನೀವು ಬರ್ರಿ. ಅದು ಮಾತ್ರ ಬ್ಯಾಡ. ಸಣ್ಣ ಕೂಸು ಅದ ಮನ್ಯಾಗ."

ಅವಳದೂ ತಪ್ಪಲ್ಲ. ದೊಡ್ಡವ್ವ ಹೊಸ್ತಿಲ ಹೊರಗೆ ಕುಳಿತು, ನನ್ನ ಡಬ್ಬಿಯಿಂದ ಪುಡಿ ಕೇಳಿ, ಒಂದು ಬಕೆಟ್ಟಿನಲ್ಲಿ ಕಲಸಿ, ಬಳೆಗಳನ್ನು ಒಂದೊಂದಾಗಿ ತೊಳೆದಳು. ಬುಟ್ಟಿ, ಬೇವು, ಕಣ, ಕುಡಿಕೆ ಎಲ್ಲವನ್ನೂ ಅಂಗಳದ ಮೂಲೆಯಲ್ಲಿ ಸುಟ್ಟಳು. "ಎಲ್ಲಾರೂ ಮುಂದ ಹೋಗು, ಮುಂದ ಹೋಗು ಅಂದ್ರ ಆಕಿ ಎಲ್ಲಿಗಂತ ಹೋಗಬೇಕು? ದಣದಾಳ. ಇಲ್ಲೇ ಮುಗೀಲಿ" ಎಂದಳು. ಅಮ್ಮನ ಬಗ್ಗೆ ಹೇಳಿದಳೋ, ತನ್ನ ಬಗ್ಗೆಯೋ, ನಾನು ಕೇಳಲಿಲ್ಲ. ಬಳೆಗಳನ್ನು ಹೆಂಡತಿ ಕೆಲವು ದಿನ ಮುಟ್ಟಲಿಲ್ಲ. ಆಮೇಲೆ ಒಂದು ಹಬ್ಬಕ್ಕೆ ತಾನೇ ತೊಟ್ಟಳು.

ಅದೇ ಮಳೆಗಾಲಕ್ಕೆ ಕೆಳಗಿನ ಊರಲ್ಲಿ ಬೇನೆ ಇಳಿಯಿತು. ಬುಟ್ಟಿ ಒಯ್ದದ್ದಕ್ಕೆ ಎಂದು ಅವರು, ಪುಡಿ ಹಾಕಿದ್ದಕ್ಕೆ ಎಂದು ನಾವು. ದೊಡ್ಡವ್ವ ರಾಯಚೂರಿನಲ್ಲಿ ಉಳಿದಳು. ಸಂಜೆ ಕೋಳಿಗಳ ನೆನಪಾದಾಗ ಬಾಗಿಲಿಗೆ ಬಂದು ನಿಲ್ಲುತ್ತಿದ್ದಳು. ಊರಿಗೆ ನಾಲ್ಕು ಸಲ ಹೇಳಿ ಕಳಿಸಿದೆ. "ನೋಡೋಣು" ಎಂಬ ಉತ್ತರ ಬರುತ್ತಿತ್ತು.

ಮರುವರ್ಷ, ಮತ್ತೆ ಮೊದಲ ಮಳೆಯಾದ ಮೇಲೆ, ನಮ್ಮೂರಿಂದ ಇಬ್ಬರು ಹಿರಿಯರು ಮನೆಯ ಮುಂದೆ ಬಂದು ನಿಂತರು. ಸೇತುವೆಯ ಮೇಲೆ ಅಡ್ಡ ನಿಂತಿದ್ದವರೇ. ಚಪ್ಪಲಿ ಬಿಟ್ಟು ಒಳಗೆ ಬಂದರು, ನಮ್ಮ ಮನೆಯ ನೀರನ್ನೂ ಕುಡಿದರು. ನಮ್ಮ ಕೇರಿಯವರ ಕೈಯ ನೀರು ಅವರು ಕುಡಿದದ್ದನ್ನು ನಾನು ಕಂಡದ್ದು ಅದೇ ಮೊದಲು.

"ಯವ್ವಾ, ಬರಬೇಕಾಗ್ಯಾದ. ಅಮ್ಮ ಮತ್ತ ಬಂದಾಳ. ಹೊರೋರು ಯಾರೂ ಇಲ್ಲ."

ದೊಡ್ಡವ್ವ ಎಲೆಗೆ ಸುಣ್ಣ ಹಚ್ಚುತ್ತ ಕೇಳಿಸಿಕೊಂಡಳು. "ಹೊರಾಕ ಬರಂಗಿಲ್ಲ."

"ಹಂಗಂದ್ರ ಹೆಂಗ?"

"ನನ್ನ ಮನಿಗೆ ನಾ ಬರ್ತೀನಿ. ತಲಿ ಮ್ಯಾಲೆ ಏನೂ ಇಡಬ್ಯಾಡ್ರಿ. ಕಾಲುವ್ಯಾಗ ಹಾಸಿಗಿ ಒಗಿಯೋದು ಬಿಡ್ರಿ. ಒಪ್ಪಿದ್ರ ಈಗ ಬಸ್ಸಿಗೆ ಬರ್ತೀನಿ, ಇಲ್ಲಾಂದ್ರ ನೀವು ನೀರು ಕುಡುದ್ರಲ್ಲ, ನಡೀರಿ."

ಅವರು ಒಬ್ಬರ ಮುಖ ಒಬ್ಬರು ನೋಡಿದರು. ಒಬ್ಬಾತ ಬಗ್ಗಿ ಅವಳ ಬಟ್ಟೆಯ ಗಂಟು ಎತ್ತಿಕೊಂಡ.

ಮಾನ್ವಿಯ ಬಸ್ಸಿನಲ್ಲಿ ಅವಳು ಕಿಟಕಿಯ ಪಕ್ಕ ಕುಳಿತಳು, ಗಂಟು ಆ ಹಿರಿಯನ ತೊಡೆಯ ಮೇಲಿತ್ತು. ನನ್ನ ಪುಡಿಯ ಡಬ್ಬಿ ಸೀಟಿನ ಕೆಳಗೆ. ಕಂಡಕ್ಟರು ಮೂಗು ಮುಚ್ಚಿಕೊಂಡು ಬಂದು, "ಇದೇನ್ರಿ ಈ ನಾತ, ಇಳಸ್ರಿ ಇದನ್ನ" ಎಂದ. ನಾನು ಡಬ್ಬಿಯನ್ನು ಕಾಲಿನಿಂದ ಒಳಕ್ಕೆ ತಳ್ಳಿದೆ. ದೊಡ್ಡವ್ವ ತಿರುಗಿ, "ಟಿಕೇಟು ಹರೀ ತಮ್ಮಾ, ಊರು ದೂರ ಅದ" ಎಂದಳು.